ಕೆಲ್ಟರ ಲೇಖನ ಓದಿದ್ಮೇಲೆ: ನಮ್ಮೂರ ಕಲ್ಲುಗಳ ಕಥೆನೂ ಮಕ್ಳು ಬರೀಲಿ

ಸಂಪಾದಕರಿಗೆ ನಮಸ್ಕಾರ,

ಹೋದ ಭಾನುವಾರದ ಪುರವಣಿಯಲ್ಲಿ ಯುರೋಪಿನ ಹಳೇ ಕೆಲ್ಟ್ ಜನಗಳ ಬಗ್ಗೆ ಬಂದಿದ್ದ ಲೇಖನ ಓದ್ದೆ. ಕನ್ನಡ ಪೇಪರಲ್ಲಿ ಇಂಥ ವಿಷಯಕ್ಕೆ ಪೂರ್ತಿ ಒಂದು ಪುಟ ಕೊಟ್ಟಿದ್ದು ನೋಡಿ ನಿಜವಾಗ್ಲೂ ಖುಷಿ ಆಯ್ತು. ನಾನು ಬೇಲೂರು ತಾಲ್ಲೂಕಲ್ಲಿ ಹೈಸ್ಕೂಲ್ ಮಕ್ಳಿಗೆ ಸಮಾಜ ವಿಜ್ಞಾನ ಪಾಠ ಮಾಡೋನು, ಸೋಮವಾರ ಕ್ಲಾಸಲ್ಲೂ ಓದಿ ಹೇಳ್ದೆ, ಮಕ್ಳು ಬಾಯಿ ಬಿಟ್ಕೊಂಡು ಕೇಳಿದ್ವು. ಆದ್ರೆ ಅದ್ರಲ್ಲಿ ಎರಡು ಮಾತು ಸರಿ ಇಲ್ಲ, ಸರಿ ಇಲ್ಲ ಅಂತ ಗೊತ್ತಾದ್ಮೇಲೆ ಸುಮ್ನಿರೋಕಾಗಲ್ಲ. ಒಂದು, ಇಂಗ್ಲೆಂಡಲ್ಲಿ ದೊಡ್ಡ ಕಲ್ಲುಗಳನ್ನ ದುಂಡಗೆ ನಿಲ್ಸಿರೋ ಸ್ಟೋನ್‌ಹೆಂಜ್ ಕಟ್ಟಿದ್ದು ಕೆಲ್ಟರ ಪುರೋಹಿತರಾದ ಡ್ರೂಯಿಡ್‌ಗಳು ಅನ್ನೋದು. ಇನ್ನೊಂದು, ಡೆನ್ಮಾರ್ಕಲ್ಲಿ ಸಿಕ್ಕಿರೋ ಬೆಳ್ಳಿ ಕೊಪ್ಪರಿಗೆ ಮೇಲಿನ ಕೊಂಬಿನ ದೇವ್ರು ನಮ್ಮ ಪಶುಪತಿನೇ, ಇಲ್ಲಿಂದ ಅಲ್ಲಿಗೆ ಹೋಗಿದ್ದು ಅನ್ನೋದು. ಇವೆರಡರ ಬಗ್ಗೆ ಬರೆದು, ಆಮೇಲೆ ನನ್ನದೊಂದು ಬೇಡಿಕೆ ಇದೆ, ಅದನ್ನೂ ಹೇಳ್ತೀನಿ. ಕಾಗದ ಉದ್ದ ಆಗುತ್ತೆ, ದಯವಿಟ್ಟು ಕತ್ತರಿಸದೆ ಹಾಕಿ.

ಸ್ಟೋನ್‌ಹೆಂಜಲ್ಲಿ ಮಣ್ಣಿನ ಕೆಲಸ ಶುರುವಾಗಿದ್ದು ಕ್ರಿ.ಪೂ. 3000ದ ಆಸುಪಾಸು, ಆ ದೊಡ್ಡ ದೊಡ್ಡ ಕಲ್ಲು ಎತ್ತಿ ನಿಲ್ಸಿದ್ದು ಕ್ರಿ.ಪೂ. 2500ರ ಸುಮಾರಿಗೆ. ಕೆಲ್ಟರು ಅನ್ನೋ ಹೆಸರು ಗ್ರೀಕರ ಬರಹದಲ್ಲಿ ಬರೋದೇ ಕ್ರಿ.ಪೂ. 500ರ ಹೊತ್ತಿಗೆ. ಮಧ್ಯ ಎರಡು ಸಾವಿರ ವರ್ಷ ಇದೆ. ಡ್ರೂಯಿಡ್‌ಗಳನ್ನ ತಂದು ಆ ಕಲ್ಲಿಗೆ ಗಂಟು ಹಾಕಿದೋರು 17, 18ನೇ ಶತಮಾನದ ಜಾನ್ ಆಬ್ರಿ, ವಿಲಿಯಂ ಸ್ಟಕ್ಲಿ ಅನ್ನೋ ಇಂಗ್ಲೆಂಡಿನ ಪಂಡಿತರು. ಅವ್ರ ಕಾಲದಲ್ಲಿ ಹಳೇ ವಸ್ತು ಎಷ್ಟು ವರ್ಷದ್ದು ಅಂತ ಹೇಳೋ ಕಾರ್ಬನ್ ಡೇಟಿಂಗ್ ಇರ್ಲಿಲ್ಲ, ರೋಮನ್ನರಿಗಿಂತ ಹಿಂದೆ ಅಲ್ಲಿ ಯಾರಿದ್ರು ಅಂತ ಪುಸ್ತಕ ತೆಗೆದ್ರೆ ಸಿಗ್ತಿದ್ದೋರು ಡ್ರೂಯಿಡ್‌ಗಳೇ, ಹಾಗಾಗಿ ಅವ್ರ ಹೆಸ್ರು ಅಂಟ್ಕೊಂತು, ಇವತ್ತಿಗೂ ಬಿಟ್ಟಿಲ್ಲ.

ಬೇಲೂರಿನೋರಿಗೆ ಇದನ್ನ ಬಿಡಿಸಿ ಹೇಳೋದೇ ಬೇಡ. ದೇವಸ್ಥಾನಕ್ಕೆ ಬರೋ ಪ್ರವಾಸಿಗರು ಮೊದ್ಲು ಕೇಳೋದು ಜಕಣಾಚಾರಿ ಕಥೆ, ಕಪ್ಪೆ ಚೆನ್ನಿಗರಾಯನ ಹೊಟ್ಟೆ ಒಳಗೆ ಕಪ್ಪೆ ಇದ್ದದ್ದು, ಮಗ ಡಂಕಣ ಅಪ್ಪನ ತಪ್ಪು ತೋರ್ಸಿದ್ದು. ಕಥೆ ಚೆನ್ನಾಗಿದೆ, ನಾನೂ ಚಿಕ್ಕೋನಿದ್ದಾಗಿಂದ ಕೇಳ್ಕೊಂಡು ಬಂದಿದೀನಿ. ಆದ್ರೆ ಅದೇ ದೇವಸ್ಥಾನದಲ್ಲಿ ಮದನಿಕೆಗಳ ಪೀಠದ ಮೇಲೆ ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ ಅಂತ ಕೆತ್ತಿದೋರೇ ತಮ್ಮ ಹೆಸ್ರು ಹಾಕ್ಕೊಂಡಿದಾರೆ, ತರೀಕೆರೆ ತಾಲ್ಲೂಕಿನ ಅಮೃತಾಪುರದಲ್ಲಿ ಶಿಲ್ಪಿ ಮಲ್ಲಿತಮ್ಮನ ಹೆಸ್ರಿದೆ. ನಿಜವಾಗಿ ಉಳಿ ಹಿಡಿದೋರ ಹೆಸ್ರು ಕಣ್ಣೆದುರಿಗೇ ಇದ್ರೂ ಜನದ ಬಾಯಲ್ಲಿ ಉಳಿದಿರೋದು ಜಕಣಾಚಾರಿ. ನಮ್ಮ ಮಲೆನಾಡಿನ ಗುಡ್ಡಗಳ ಮೇಲೆ ಚಪ್ಪಡಿ ನಿಲ್ಸಿ ಮಾಡಿರೋ ಹಳೇ ಕಾಲದ ಸಮಾಧಿಗಳನ್ನೂ ಪಾಂಡವರ ಮನೆ ಅಂತಾರೆ. ಪಾಂಡವರು ವನವಾಸದಲ್ಲಿದ್ದಾಗ ಉಳ್ಕೊಂಡಿದ್ದ ಜಾಗ ಅಂತ ಹೇಳೋ ಅಜ್ಜಿಗೆ ಅದು ಸುಳ್ಳು ಅಂತ ಮುಖಕ್ಕೆ ಹೇಳೋದು ನನ್ ಪ್ರಕಾರ ಬೇಕಾಗಿಲ್ಲ, ಪಾಂಡವರು ಕಟ್ಟಿದ್ದು ಅಂತ ಪಠ್ಯದಲ್ಲಿ ಬರೆಯೋದೂ ಬೇಕಾಗಿಲ್ಲ, ಅಜ್ಜಿ ಹೀಗೆ ಹೇಳ್ತಾರೆ ಅಂತ ಒಂದು ಕಡೆ, ಅಗೆದಾಗ ಇದು ಸಿಕ್ತು ಅಂತ ಇನ್ನೊಂದು ಕಡೆ ಬರೆದಿಡ್ಬೇಕು.

ಹಾಗೆ ಬರೆದಿಟ್ರೆ ಏನಾಗುತ್ತೆ ಅನ್ನೋದಕ್ಕೆ ಐರ್ಲೆಂಡಿನ ನ್ಯೂಗ್ರೇಂಜ್ ನೋಡಿ. ಅದು ಕ್ರಿ.ಪೂ. 3200ರ ಹೊತ್ತಿನ ಸಮಾಧಿ ದಿಬ್ಬ, ಕೆಲ್ಟರಿಗಿಂತ ಎಷ್ಟೋ ಹಳೇದು. ಆದ್ರೆ ಐರಿಷ್ ಪುರಾಣದಲ್ಲಿ ಅದು ದಾಗ್ದಾ ಅನ್ನೋ ದೊಡ್ಡ ದೇವ್ರು, ಅವನ ಮಗ ಏಂಗಸ್ ಇವರ ಮನೆ. 1962ರಿಂದ ಅಲ್ಲಿ ಅಗೆತ ಮಾಡಿದ ಮೈಕೆಲ್ ಓಕೆಲ್ಲಿ ಅನ್ನೋ ಪ್ರೊಫೆಸರಿಗೆ ವರ್ಷದಲ್ಲಿ ಯಾವ್ದೋ ಒಂದು ದಿನ ಹುಟ್ಟೋ ಸೂರ್ಯನ ಬೆಳಕು ಒಳಗಿನ ಕೋಣೆವರೆಗೂ ಬರುತ್ತಂತೆ ಅನ್ನೋ ಮಾತು ಜನದಿಂದ ಕಿವಿಗೆ ಬೀಳ್ತಾನೇ ಇತ್ತು. ಬಾಗಿಲ ಮೇಲೆ ಒಂದು ಸಣ್ಣ ಕಿಂಡಿ ಇದ್ದದ್ದು ಅಗೆತದಲ್ಲಿ ಸಿಕ್ತು. ಅವರು ಜನ ಹೇಳೋ ಮಾತು ಅಂತ ತಳ್ಳಿಹಾಕ್ಲಿಲ್ಲ, 1967ರ ಡಿಸೆಂಬರ್ 21ರ ಬೆಳಿಗ್ಗೆ ಒಳಗೆ ಹೋಗಿ ಕಾದ್ರು, ಬೆಳಕು ಆ ಕಿಂಡಿಯಿಂದ ಉದ್ದ ಓಣಿ ಹಾದು ಒಳಕೋಣೆ ನೆಲಕ್ಕೆ ಬಂದು ಬಿತ್ತು. ದಾಗ್ದಾನ ಮನೆ ಅನ್ನೋದು ಕಟ್ಟಿದೋರು ಯಾರು ಅಂತ ಹೇಳೋಕೆ ಉಪಯೋಗಕ್ಕೆ ಬರಲ್ಲ, ಸೂರ್ಯನ ಮಾತು ಮಾತ್ರ ಸತ್ಯ ಆಗಿತ್ತು. ಯಾವ ಮಾತು ಯಾವುದಕ್ಕೆ ಉಪಯೋಗಕ್ಕೆ ಬರುತ್ತೆ ಅಂತ ಮೊದಲೇ ಗೊತ್ತಾಗಲ್ಲ ಅಲ್ವಾ, ಅದಕ್ಕೇ ಎಲ್ಲಾನೂ ಬರೆದಿಡ್ಬೇಕು ಅಂತ ನಾನು ಹೇಳ್ತಿರೋದು.

ಇನ್ನು ನಿಜವಾದ ಕೆಲ್ಟರು ಯಾರು ಅಂತ ಮಣ್ಣು ಏನ್ ಹೇಳುತ್ತೆ ನೋಡಿ. ಆಸ್ಟ್ರಿಯಾದ ಹಾಲ್‌ಷ್ಟಾಟ್ ಅನ್ನೋದು ಬೆಟ್ಟದ ಮಧ್ಯ ಕೆರೆ ದಡದ ಊರು, ಅಲ್ಲಿ ಸಾವಿರಾರು ವರ್ಷದಿಂದ ಉಪ್ಪಿನ ಗಣಿ ಇದೆ. 1846ರಲ್ಲಿ ಗಣಿಯ ಆಫೀಸರ್ ಯೋಹಾನ್ ಗೆಯೋರ್ಗ್ ರಾಮ್‌ಸೌವರ್ ಅನ್ನೋರಿಗೆ ಹಳೇ ಸ್ಮಶಾನ ಸಿಕ್ತು. ಅವರು ಪ್ರೊಫೆಸರ್ ಅಲ್ಲ, ಗಣಿ ನೋಡ್ಕೊಳ್ಳೋ ನೌಕರ. 1863ರ ತನಕ ಸುಮಾರು 980 ಗೋರಿ ಬಿಡಿಸಿದ್ರು, ಯಾವ ಗೋರಿಯಲ್ಲಿ ತಲೆ ಯಾವ ಕಡೆ ಇತ್ತು, ಕತ್ತಿ ಎಲ್ಲಿತ್ತು, ಬಳೆ ಎಲ್ಲಿತ್ತು ಅಂತ ಬರೆಸಿ, ಚಿತ್ರ ಬರೆಸಿ, ಬಣ್ಣ ಹಾಕಿಸಿ ಇಟ್ರು. ಆ ಕಾಲದಲ್ಲಿ ಎಷ್ಟೋ ಕಡೆ ಚಿನ್ನ ಕಂಚು ಸಿಕ್ಕಿದ್ರೆ ಎತ್ಕೊಂಡು ಉಳಿದದ್ದು ಬಿಸಾಡೋರು. ಈ ಮನುಷ್ಯ ಬರೆದಿಟ್ಟಿದ್ದಕ್ಕೇ ಇವತ್ತು ಯುರೋಪಿನ ಮೊದಲ ಕಬ್ಬಿಣ ಯುಗಕ್ಕೆ ಆ ಊರಿನ ಹೆಸರೇ ನಿಂತಿದೆ, ಕ್ರಿ.ಪೂ. 800ರಿಂದ 450ರ ತನಕ. ಉಪ್ಪಿನಲ್ಲಿ ಯಾವ್ದೂ ಕೊಳೆಯಲ್ಲ, ಹಾಗಾಗಿ ಗಣಿ ಒಳಗೆ ಕೆಲಸಗಾರರ ಚರ್ಮದ ಬೆನ್ನುಚೀಲ, ನೇಯ್ದ ಬಟ್ಟೆ ಚೂರು, ಮರದ ಮೆಟ್ಲು ಎಲ್ಲಾ ಸಿಕ್ಕಿದೆ, ಅವರ ಮಲ ಪರೀಕ್ಷೆ ಮಾಡಿ ಬಿಯರ್ ಕುಡೀತಿದ್ರು, ಚೀಸ್ ತಿಂತಿದ್ರು ಅಂತನೂ ಹೇಳಿದಾರೆ.

ಇನ್ನೊಂದು ಗೋರಿ ಬಗ್ಗೆ ಹೇಳ್ಲೇಬೇಕು, ಜರ್ಮನಿಯ ಸ್ಟಟ್‌ಗಾರ್ಟ್ ಹತ್ರ ಹೋಖ್‌ಡಾರ್ಫ್ ಅಂತ, 1978-79ರಲ್ಲಿ ಬಿಡಿಸಿದ್ದು. ಕ್ರಿ.ಪೂ. 530ರ ಹೊತ್ತಿನ ಒಬ್ಬ ನಾಯಕ, ಆರಡಿ ಮೇಲಿನ ಆಳು, ಚಕ್ರ ಇರೋ ಕಂಚಿನ ಸೋಫಾ ಥರದ್ದರ ಮೇಲೆ ಮಲಗ್ಸಿದಾರೆ, ಪಕ್ಕದಲ್ಲಿ ನಾಲ್ಕು ಚಕ್ರದ ಗಾಡಿ, ಕಾಲಿನ ಚಪ್ಪಲಿಗೆ ಚಿನ್ನದ ತಗಡು. ಕಾಲ ಹತ್ರ ದೊಡ್ಡ ಕಂಚಿನ ಕೊಪ್ಪರಿಗೆ, ಸುಮಾರು 500 ಲೀಟರ್ ಹಿಡಿಯೋದು, ಅದರ ತಳದಲ್ಲಿ ಜೇನುತುಪ್ಪದ ಮದ್ಯದ ಗಸಿ ಒಣಗಿ ಉಳಿದಿತ್ತು, ಅದ್ರಲ್ಲಿದ್ದ ಪರಾಗ ನೋಡಿ ಜೇನು ಯಾವ್ಯಾವ ಹೂವಿಂದು ಅಂತ ಪಟ್ಟಿ ಮಾಡಿದಾರೆ. ಕೊಪ್ಪರಿಗೆ ಗ್ರೀಕರ ಕಡೆಯಿಂದ ಬಂದದ್ದು, ಕಂಠದ ಮೇಲೆ ಮೂರು ಸಿಂಹ ಮಲಗಿವೆ. ಮೂರರಲ್ಲಿ ಎರಡು ಗ್ರೀಕ್ ಕೆಲಸ. ಮೂರನೇದು ಎಲ್ಲೋ ಕಳ್ದು ಹೋಗಿ ಊರಿನ ಕಮ್ಮಾರನೇ ಎರಕ ಹೊಯ್ದು ಕೂರ್ಸಿದಾನೆ, ಅದರ ಮುಖ, ಜೂಲು ಬೇರೆ ಥರನೇ ಇದೆ. ಸಿಂಹವನ್ನ ಕಣ್ಣಾರೆ ನೋಡ್ದೇ ಇರೋ ಮನುಷ್ಯ ಪಕ್ಕದ ಎರಡು ಸಿಂಹ ನೋಡಿ ಮಾಡಿದ್ದು ಅಂತ ಕಾಣುತ್ತೆ. ಫೋಟೋದಲ್ಲಿ ಅದನ್ನ ನೋಡಿದಾಗೆಲ್ಲ ನನಗೆ ಹೊಯ್ಸಳರ ಸಿಂಹದ ಮುಖಾನೇ ನೆನಪಾಗೋದು, ನಮ್ಮ ಶಿಲ್ಪಿಗಳೂ ಸಿಂಹ ನೋಡಿದ್ರೋ ಇಲ್ವೋ ಅಂತ.

ಈಗ ಕೊಂಬಿನ ದೇವ್ರ ವಿಷಯ. ಗುಂಡೆಸ್ಟ್ರುಪ್ ಕೊಪ್ಪರಿಗೆ 1891ರಲ್ಲಿ ಡೆನ್ಮಾರ್ಕಿನ ಜೌಗು ನೆಲದಲ್ಲಿ ಸಿಕ್ಕಿದ್ದು, ತಗಡು ತಗಡಾಗಿ ಬಿಚ್ಚಿಟ್ಟಿದ್ರು, ಒಟ್ಟು ಹತ್ರ ಹತ್ರ 9 ಕೆಜಿ ಬೆಳ್ಳಿ. ಒಂದು ತಗಡಲ್ಲಿ ಸಾರಂಗದ ಕೊಂಬಿರೋ ಒಬ್ಬ ಕಾಲು ಮಡ್ಚಿ ಕೂತಿದಾನೆ, ಒಂದು ಕೈಲಿ ಕೊರಳ ಕಡಗ, ಇನ್ನೊಂದು ಕೈಲಿ ಟಗರು ಕೊಂಬಿನ ಹಾವು, ಸುತ್ತ ಪ್ರಾಣಿಗಳು. ನೋಡಿದ ತಕ್ಷಣ ಸಿಂಧೂ ಕಣಿವೆಯ ಮೊಹೆಂಜೊದಾರೊದಲ್ಲಿ ಸಿಕ್ಕಿರೋ, ಪಶುಪತಿ ಅಂತ ಕರೆಯೋ ಮುದ್ರೆ ನೆನಪಾಗೋದು ಸಹಜ, ದೊಡ್ಡ ದೊಡ್ಡ ವಿದ್ವಾಂಸರೇ ಹೋಲಿಸಿ ಬರೆದಿದಾರೆ. ಬೇರೆ ತಗಡಲ್ಲಿ ಆನೆ ಥರದ ಪ್ರಾಣಿಗಳೂ ಇವೆ. ಆದ್ರೆ ಆ ಮುದ್ರೆಗೂ ಈ ಕೊಪ್ಪರಿಗೆಗೂ ಮಧ್ಯ ಸುಮಾರು ಎರಡು ಸಾವಿರ ವರ್ಷ ಇದೆ, ಮಧ್ಯದ ಕೊಂಡಿ ಒಂದೂ ಸಿಕ್ಕಿಲ್ಲ, ಬೆಳ್ಳಿ ಕೆಲಸದ ರೀತಿ ಈಗಿನ ಬಲ್ಗೇರಿಯಾ ರೊಮೇನಿಯಾ ಕಡೆ ಇದ್ದ ಥ್ರೇಸ್ ಅಕ್ಕಸಾಲಿಗರದ್ದು ಅಂತ ಬಹಳ ಜನ ಒಪ್ತಾರೆ. ಹೋಲಿಕೆ ಇದೆ ಅನ್ನೋದು ಒಂದು ಮಾತು, ಇಲ್ಲಿಂದ ಹೋಯ್ತು ಅನ್ನೋದು ಇನ್ನೊಂದು ಮಾತು. ನಮ್ಮ ದೇಶದ ಹೆಮ್ಮೆಗೆ ಇಂಥ ಸಾಕ್ಷಿ ಇಲ್ಲದ ಮಾತಿನ ಆಸರೆ ಬೇಡ.

ನಿಜವಾದ ಹೋಲಿಕೆ ಬೇಕು ಅಂದ್ರೆ ಪಂಚಾಂಗ ನೋಡಿ ಸಾರ್. 1897ರಲ್ಲಿ ಫ್ರಾನ್ಸಿನ ಕೊಲಿನ್ಯಿ ಅನ್ನೋ ಕಡೆ ಕಂಚಿನ ಹಲಗೆ ಚೂರು ಚೂರಾಗಿ ಸಿಕ್ತು, ಕೆಲ್ಟರದ್ದೇ ಗಾಲಿಷ್ ಭಾಷೆಯ ಕ್ಯಾಲೆಂಡರ್. ಚಂದ್ರನ ತಿಂಗಳು, ಪ್ರತಿ ತಿಂಗಳನ್ನ ನಮ್ಮ ಪಕ್ಷಗಳ ಹಾಗೆ ಎರಡು ಭಾಗ ಮಾಡಿದಾರೆ, ಸೂರ್ಯನ ವರ್ಷಕ್ಕೆ ಹೊಂದ್ಸೋಕೆ ಐದು ವರ್ಷದಲ್ಲಿ ಎರಡು ಅಧಿಕ ಮಾಸ ಸೇರ್ಸಿ ಒಟ್ಟು 62 ತಿಂಗಳು. ಇದನ್ನ ಕ್ಲಾಸಲ್ಲಿ ಹೇಳಿದಾಗ ಪಂಚಾಂಗ ನೋಡೋ ಮನೆಯ ಹುಡುಗಿಯೊಬ್ಳು ಥಟ್ ಅಂತ ಎದ್ದು ನಮ್ದೂ ಹಂಗೇ ಅಲ್ವಾ ಸಾರ್ ಅಂದ್ಳು. ಚಂದ್ರ ಸೂರ್ಯ ಎರಡನ್ನೂ ನೋಡಿ ಲೆಕ್ಕ ಹಾಕೋ ಜನ ಎಲ್ಲಿದ್ರೂ ಅಧಿಕ ಮಾಸಕ್ಕೆ ಬಂದೇ ಬರ್ತಾರೆ, ಅದಕ್ಕೆ ಯಾರೂ ಯಾರಿಂದಲೂ ಕದಿಯೋದು ಬೇಕಾಗಿಲ್ಲ.

ಲೇಖನದಲ್ಲಿ ಕೆಲ್ಟರ ಕಥೆಗಳಿಗೆ ಜಾಗ ಕಮ್ಮಿ ಆಗಿತ್ತು, ಅದೇ ನನಗೆ ಬೇಜಾರಾಗಿದ್ದು. ಐರ್ಲೆಂಡಿನ ದೊಡ್ಡ ಕಥೆ ಯಾವ್ದು ಗೊತ್ತಾ, ದನ ಹೊಡ್ಕೊಂಡು ಹೋಗೋ ಕಥೆ. ಟಾಯ್ನ್ ಅಂತಾರೆ. ಕನಾಕ್ಟ್ ಸೀಮೆಯ ರಾಣಿ ಮೇವ್, ಅವಳ ಗಂಡ ಆಲಿಲ್, ಇಬ್ರೂ ಹಾಸಿಗೆ ಮೇಲೆ ಮಲಗಿರ್ತಾ ಯಾರ ಆಸ್ತಿ ಜಾಸ್ತಿ ಅಂತ ಮಾತಿಗೆ ಮಾತು ಬೆಳ್ಸಿ ಪಾತ್ರೆ, ಒಡವೆ, ಕುರಿ, ಕುದುರೆ ಎಲ್ಲಾ ತರಿಸಿ ಎಣಿಸ್ತಾರೆ. ಎಲ್ಲಾ ಸಮ. ಗಂಡನ ಹತ್ರ ಒಂದು ಬಿಳಿ ಕೊಂಬಿನ ಹೋರಿ ಜಾಸ್ತಿ, ಅದು ಹುಟ್ಟಿದ್ದು ಅವಳ ಹಿಂಡಲ್ಲೇ, ಹೆಂಗಸಿನ ಸೊತ್ತಾಗಿರಲ್ಲ ಅಂತ ಅವನ ಹಿಂಡಿಗೆ ಹೋಗಿತ್ತು. ಅದಕ್ಕೆ ಸರಿಸಮ ಅಂದ್ರೆ ಅಲ್ಸ್ಟರ್ ಸೀಮೆಯ ಕೂಲಿ ಅನ್ನೋ ಕಡೆಯ ಕಂದು ಹೋರಿ ಒಂದೇ. ಕೇಳಿದ್ಲು, ಕೊಡ್ತೀನಿ ಅಂದೋರು ಆಮೇಲೆ ತಿರುಗಿಬಿದ್ರು, ದಂಡು ಕಟ್ಕೊಂಡು ಹೊರಟ್ಲು.

ಅಲ್ಸ್ಟರಿನ ಗಂಡಸ್ರು ಯಾಕೆ ಎದ್ರು ನಿಲ್ಲಲಿಲ್ಲ ಅನ್ನೋದಕ್ಕೆ ಇನ್ನೊಂದು ಕಥೆ. ಮಾಖಾ ಅನ್ನೋ ತುಂಬು ಬಸುರಿಯನ್ನ, ರಾಜನ ಕುದುರೆ ಜೊತೆ ಓಡು ಅಂತ ಬಲವಂತ ಮಾಡ್ತಾರೆ, ಅವಳ ಗಂಡ ಜಂಬ ಕೊಚ್ಚಿದ್ದ ತಪ್ಪಿಗೆ. ಹೆರಿಗೆ ಆಗೋ ತನಕ ಆದ್ರೂ ಬಿಡಿ, ನಿಮ್ಮನ್ನೂ ಒಬ್ಬ ತಾಯಿನೇ ಹೆತ್ತಿರೋದು ಅಂತ ಸೇರಿದ್ದ ಜನನೆಲ್ಲ ಬೇಡ್ಕೋತಾಳೆ, ಒಬ್ರೂ ಕೇಳಲ್ಲ. ಓಡ್ತಾಳೆ, ಗೆಲ್ತಾಳೆ, ಅಲ್ಲೇ ಅವಳಿ ಮಕ್ಳನ್ನ ಹೆರ್ತಾಳೆ, ನಿಮಗೆ ಕಷ್ಟ ಬಂದಾಗೆಲ್ಲ ಹೆರಿಗೆ ನೋವು ನಿಮಗೇ ಬರ್ಲಿ, ಒಂಬತ್ತು ತಲೆಮಾರು ಅಂತ ಶಾಪ ಕೊಡ್ತಾಳೆ. ಮೇವ್ ದಂಡು ಬಂದಾಗ ಅಷ್ಟೂ ಗಂಡಸ್ರು ಹೆರಿಗೆ ನೋವಲ್ಲಿ ಮಲಗಿರ್ತಾರೆ, ನೋವು ಬರ್ದೇ ಇರೋನು ಕೂ ಹುಲಿನ್ ಅನ್ನೋ ಮೀಸೆ ಬರ್ದ ಹುಡುಗ ಒಬ್ನೇ, ಹೊಳೆ ದಾಟೋ ಜಾಗದಲ್ಲಿ ನಿಂತು ದಿನಕ್ಕೊಬ್ಬನ ಹಾಗೆ ಎದುರಿಸ್ತಾನೆ. ಕೊನೆಗೆ, ಅದು ಬೇರೆ ಕಥೆಯಲ್ಲಿ, ಸಾಯೋ ಹೊತ್ತಲ್ಲಿ ನೆಲಕ್ಕೆ ಬೀಳಬಾರದು ಅಂತ ತನ್ನನ್ನ ತಾನೇ ಒಂದು ಕಲ್ಲಿಗೆ ಕಟ್ಕೊಂಡು ನಿಂತೇ ಸಾಯ್ತಾನೆ, ಕಾಗೆ ಬಂದು ಹೆಗಲ ಮೇಲೆ ಕೂತ್ಮೇಲೇ ಶತ್ರುಗಳಿಗೆ ಹತ್ರ ಹೋಗೋ ಧೈರ್ಯ ಬರೋದು. ಆ ಕಲ್ಲು ಇದೇ ಅಂತ ಲೌತ್ ಜಿಲ್ಲೆಯ ಒಂದು ಹೊಲದಲ್ಲಿ ಇವತ್ತಿಗೂ ತೋರ್ಸ್ತಾರೆ.

ಗಮಕದಲ್ಲಿ ಉತ್ತರ ಗೋಗ್ರಹಣ ಕೇಳಿ ಬೆಳೆದ ನಮ್ಮ ಕಡೆಯೋರಿಗೆ ಇದು ಹೊರಗಿನ ಕಥೆ ಅನ್ಸುತ್ತಾ? ನನಗಂತೂ ಅನ್ಸಲ್ಲ.

ಈ ಕಥೆಗೂ ಮಣ್ಣಿಗೂ ಎಷ್ಟು ತಾಳೆ ಆಗುತ್ತೆ ಅಂತ ನೋಡ್ಬೇಕಲ್ಲ. ಕಥೆಯಲ್ಲಿ ಅಲ್ಸ್ಟರ್ ರಾಜನ ರಾಜಧಾನಿ ಎವಿನ್ ಮಾಖಾ, ಅದು ಈಗಿನ ಆರ್ಮಾ ಊರಿನ ಹತ್ರದ ನಾವನ್ ಫೋರ್ಟ್. 1960ರ ದಶಕದಲ್ಲಿ ಅಲ್ಲಿನ ದಿಬ್ಬ ಅಗೆದ್ರು. ಸಿಕ್ಕಿದ್ದೇನು ಅಂದ್ರೆ ಸುಮಾರು 40 ಮೀಟರ್ ಅಗಲದ ದುಂಡನೇ ಮರದ ಕಟ್ಟಡ, ಇನ್ನೂರಕ್ಕೂ ಹೆಚ್ಚು ಕಂಬ, ನಡುಮಧ್ಯದ ದೊಡ್ಡ ಕಂಬದ ಬುಡ ಮಣ್ಣಲ್ಲಿ ಉಳ್ಕೊಂಡಿತ್ತು, ಅದರ ಉಂಗುರ ಎಣಿಸಿ ಆ ಮರ ಕಡಿದದ್ದು ಕ್ರಿ.ಪೂ. 95ರ ಹೊತ್ತಿಗೆ ಅಂತ ಹೇಳೋಕಾಯ್ತು. ಅಷ್ಟು ದೊಡ್ಡ ಕಟ್ಟಡದಲ್ಲಿ ಜನ ವಾಸ ಮಾಡಿಲ್ಲ, ಕಟ್ಟಿದ್ಮೇಲೆ ಒಳಗೆಲ್ಲ ಕಲ್ಲು ತುಂಬಿ, ಬೆಂಕಿ ಹಚ್ಚಿ, ಮೇಲೆ ಮಣ್ಣು ಮುಚ್ಚಿ ದಿಬ್ಬ ಮಾಡಿದಾರೆ. ಯಾವ್ದೋ ದೊಡ್ಡ ದೈವಕಾರ್ಯ ಇರ್ಬೇಕು. ಅದಕ್ಕೂ ಹಿಂದೆ ಅದೇ ಜಾಗದಲ್ಲಿದ್ದ ಮನೆಗಳ ಕಾಲದ ಮಣ್ಣಲ್ಲಿ ಉತ್ತರ ಆಫ್ರಿಕಾದ ಕೋತಿಯ ತಲೆಬುರುಡೆ ಸಿಕ್ತು! ಅಷ್ಟು ದೂರದಿಂದ ಹಡಗಲ್ಲಿ ಯಾರೋ ತಂದು ಕೊಟ್ಟಿರೋದು. ಅಂದ್ರೆ ಆ ಜಾಗ ದೊಡ್ಡ ಜಾಗ ಅನ್ನೋದನ್ನ ಕಥೆ ಸಾವಿರ ವರ್ಷ ಹೊತ್ಕೊಂಡು ಬಂದಿದೆ, ಅಲ್ಲಿ ಏನಿತ್ತು ಅನ್ನೋದು ಮಾತ್ರ ಬದ್ಲಾಗಿಹೋಗಿದೆ. ಕಥೆಯಲ್ಲಿ ಹೆಜ್ಜೆಗೊಂದು ರಥ ಬರುತ್ತೆ, ಐರ್ಲೆಂಡಿನ ಮಣ್ಣಲ್ಲಿ ಕುದುರೆ ಕಡಿವಾಣ ಬೇಕಾದಷ್ಟು ಸಿಕ್ಕಿವೆ, ರಥ ಇಟ್ಟು ಹೂತಿರೋ ಗೋರಿಗಳು ಸಿಕ್ಕಿರೋದು ಪಕ್ಕದ ಬ್ರಿಟನ್ನಿನ ಯಾರ್ಕ್‌ಶೈರಲ್ಲಿ. ಟಾಯ್ನ್ ಇರೋ ಅತಿ ಹಳೇ ಹಸ್ತಪ್ರತಿ 1100ರ ಆಸುಪಾಸಿಂದು, ಕ್ರೈಸ್ತ ಸನ್ಯಾಸಿಗಳು ಬರೆದದ್ದು, ನಮ್ಮಲ್ಲಿ ವಿಷ್ಣುವರ್ಧನ ಬೇಲೂರಲ್ಲಿ ಚೆನ್ನಕೇಶವನ್ನ ಪ್ರತಿಷ್ಠೆ ಮಾಡಿದ 1117ಕ್ಕೆ ಸ್ವಲ್ಪ ಮುಂಚೆ. ಕ್ರಿಸ್ತನಿಗಿಂತ್ಲೂ ಹಳೇ ಪದ್ಧತಿಗಳನ್ನ ಸನ್ಯಾಸಿಗಳು ತಮ್ಮ ಕಾಲದ ಕಣ್ಣಿಂದ ಬರೆದಿದಾರೆ, ಅದನ್ನ ಮರೀಬಾರದು.

ಮಣ್ಣನ್ನ ಓದೋರೂ ಕಥೆ ಕಟ್ತಾರೆ. 1947ರಲ್ಲಿ ಚಿತ್ರದುರ್ಗ ಜಿಲ್ಲೆ ಬ್ರಹ್ಮಗಿರಿಯಲ್ಲಿ ಅಗೆತ ಮಾಡಿದ ಮಾರ್ಟಿಮರ್ ವೀಲರ್ ಅದಕ್ಕಿಂತ ಹತ್ತು ವರ್ಷ ಹಿಂದೆ ಇಂಗ್ಲೆಂಡಿನ ಡಾರ್ಸೆಟ್ ಸೀಮೆಯ ಮೇಡನ್ ಕ್ಯಾಸಲ್ ಅನ್ನೋ ಕಬ್ಬಿಣ ಯುಗದ ಕೋಟೆ ಅಗೆದಿದ್ರು, ಗಾಯ ಆದ ಅಸ್ಥಿಪಂಜರಗಳನ್ನ ನೋಡಿ ರೋಮನ್ ಸೈನ್ಯ ಒಂದೇ ದಿನ ನುಗ್ಗಿ ಕೊಂದ ಕಥೆನ ಮೈ ಜುಂ ಅನ್ನೋ ಹಾಗೆ ಬರೆದ್ರು. ಈಗ ಆ ಮೂಳೆಗಳ ಕಾಲ ಮತ್ತೆ ಲೆಕ್ಕ ಹಾಕಿದ್ರೆ ಸಾವುಗಳು ಹಲವು ದಶಕಗಳಲ್ಲಿ ಹರಡಿವೆ ಅಂತ ಬರ್ತಿದೆ. ಅದೇ ಡಾರ್ಸೆಟ್ ಸೀಮೆಯ ಇನ್ನೊಂದು ಸ್ಮಶಾನದ ಡಿಎನ್‌ಎ ನೋಡಿ 2025ರಲ್ಲಿ ಐರ್ಲೆಂಡಿನ ವಿಜ್ಞಾನಿಗಳು ಬರೆದಿರೋದು ಇನ್ನೂ ಆಶ್ಚರ್ಯ, ಅಲ್ಲಿ ಹೂತಿರೋ ಹೆಚ್ಚಿನೋರು ಒಂದೇ ತಾಯಿ ಕಡೆಯ ವಂಶದೋರು, ಗಂಡಸ್ರೇ ಹೊರಗಿಂದ ಬಂದು ಹೆಂಡ್ತಿ ಊರಲ್ಲಿ ನೆಲೆಸಿದೋರು, ನಮ್ಮ ಮನೆ ಅಳಿಯನ ಹಾಗೆ. ಘಟ್ಟದ ಕೆಳಗೆ ಅಳಿಯಸಂತಾನ ನೋಡಿರೋ ನಮಗೆ ಇದು ಬೇಗ ಅರ್ಥ ಆಗುತ್ತೆ. ರಾಣಿ ಮೇವ್ ಗಂಡನ ಜೊತೆ ಆಸ್ತಿ ಲೆಕ್ಕ ಹಾಕಿದ್ದು ನೆನಪಿಸ್ಕೊಳ್ಳಿ. ಅದು ಐರ್ಲೆಂಡು ಇದು ಇಂಗ್ಲೆಂಡು, ಒಂದಕ್ಕೊಂದು ಸಾಕ್ಷಿ ಅಲ್ಲ, ಆದ್ರೂ ಮನಸ್ಸಲ್ಲಿ ಉಳಿಯುತ್ತೆ.

ಈಗ ನಮ್ಮೂರಿಗೆ ಬರ್ತೀನಿ. ನಮ್ಮೂರ ಕೆರೆ ಏರಿ ಪಕ್ಕ ಒಂದು ವೀರಗಲ್ಲಿದೆ, ತುರುಗೊಳ್ ಕಾಳಗದ್ದು, ಅಂದ್ರೆ ದನ ಹೊಡ್ಕೊಂಡು ಹೋಗೋರ ಜೊತೆ ನಡೆದ ಕಾದಾಟದ್ದು. ಕೆಳಗಿನ ಅಂಕಣದಲ್ಲಿ ನಾಲ್ಕೈದು ಹಸುಗಳು ಸಾಲಾಗಿ, ಒಂದರ ಹಿಂದೆ ಒಂದು ತಲೆ ಮಾತ್ರ ಕಾಣೋ ಹಾಗೆ, ಎದುರಿಗೆ ಬಿಲ್ಲು ಹಿಡಿದ ವೀರ, ಅವನ ಸೊಂಟದ ಬಾಕು, ತುರುಬು ಕಟ್ಟಿರೋದು ಎಲ್ಲಾ ಕಾಣುತ್ತೆ. ನಡುವಿನ ಅಂಕಣದಲ್ಲಿ ಅಪ್ಸರೆಯರು ಎರಡು ಕಡೆ ತೋಳು ಹಿಡ್ದು ಮೇಲೆ ಕರ್ಕೊಂಡು ಹೋಗ್ತಿದಾರೆ. ಮೇಲ್ಗಡೆ ಲಿಂಗ, ಪೂಜೆ ಮಾಡೋ ಜೀಯ, ಕೈ ಮುಗ್ದು ಕೂತ ವೀರ, ಎರಡು ಮೂಲೆಗೆ ಸೂರ್ಯ ಚಂದ್ರ. ಅಂಕಣಗಳ ಮಧ್ಯದ ಪಟ್ಟಿಯಲ್ಲಿ ಬರಹ ಇತ್ತು, ಜನ ಕುಡ್ಲು ಮಸೆದು ಮಸೆದು ಒಂದು ಸಾಲು ಪೂರ್ತಿ ಹೋಗಿದೆ. ಊರಲ್ಲಿ ಅದನ್ನ ಯಾರೂ ವೀರಗಲ್ಲು ಅನ್ನಲ್ಲ, ಬೇಟೆರಾಯ ಅಂತಾರೆ, ಅರಿಶಿನ ಕುಂಕುಮ ಇಟ್ಟು ದನಕ್ಕೆ ಕಾಯ್ಲೆ ಬಂದಾಗ ಹರಕೆ ಹೊರ್ತಾರೆ. ದನ ಉಳಿಸೋಕೆ ಸತ್ತೋನು ಇವತ್ತಿಗೂ ದನ ಕಾಯ್ತಿದಾನೆ ಅಂತಾಯ್ತಲ್ಲ, ಕಲ್ಲಿನ ಮೇಲಿರೋದಕ್ಕೂ ಊರ ನಂಬಿಕೆಗೂ ಇರೋ ಈ ನಂಟನ್ನ ಯಾವ ದಾಖಲೆಯಲ್ಲೂ ನಾನು ನೋಡಿಲ್ಲ. ಶಾಸನಗಳನ್ನ ಸಂಗ್ರಹಿಸಿದ ಬಿ.ಎಲ್. ರೈಸ್ ಕಾಲದಲ್ಲಿ ಆಗಿನ ಕಡೂರು ಜಿಲ್ಲೆ ಶಾಸನಗಳ ಸಂಪುಟ 1901ರಲ್ಲಿ, ಹಾಸನದ್ದು 1902ರಲ್ಲಿ ಬಂತು, ಆ ಪುಣ್ಯಾತ್ಮರು ಊರೂರು ತಿರುಗಿಸಿ ಅಕ್ಷರ ಉಳಿಸಿದ್ರು. ಆ ಕಲ್ಲುಗಳ ಬಗ್ಗೆ ಊರಿನೋರು ಏನ್ ಹೇಳ್ತಿದ್ರು ಅನ್ನೋದು ಬಹುಮಟ್ಟಿಗೆ ಅದ್ರಲ್ಲಿ ಇಲ್ಲ, ಈಗ ಹೇಳೋ ಮುದುಕ್ರೂ ಒಬ್ಬೊಬ್ರಾಗಿ ಹೋಗ್ತಿದಾರೆ.

ಕಥೆಗಳಿಗೆ ಕಲ್ಲು ಉಳಿಸೋ ಶಕ್ತಿನೂ ಇದೆ, ಕೆಡಿಸೋ ಶಕ್ತಿನೂ ಇದೆ, ಇದು ಎಲ್ರೂ ಗಮನಿಸ್ಬೇಕಾದ ಮಾತು. ಐರ್ಲೆಂಡಲ್ಲಿ ಹಳೇ ಕಾಲದ ದುಂಡು ಮಣ್ಣಿನ ಕೋಟೆಗಳು ಹೊಲಗಳ ಮಧ್ಯ ಹತ್ತಾರು ಸಾವಿರ ಉಳಿದಿವೆ, ಉಳಿಯೋಕೆ ಒಂದು ಕಾರಣ ಅದು ಯಕ್ಷಿಣಿಯರ ಜಾಗ, ಅಲ್ಲಿನ ಮುಳ್ಳಿನ ಮರ ಕಡಿದ್ರೆ ಮನೆಗೆ ಆಗ್ಬರಲ್ಲ ಅನ್ನೋ ಭಯ. ನಮ್ಮ ದೇವರಕಾಡು, ನಾಗಬನ ಉಳಿದಿರೋದೂ ಹಾಗೇ ತಾನೇ. ಆದ್ರೆ ಏಳು ಹೆಡೆ ಸರ್ಪ ಕಾಯ್ತಿದೆ, ಕೆಳಗೆ ಕೊಪ್ಪರಿಗೆ ಹೊನ್ನಿದೆ ಅನ್ನೋ ಕಥೆ ಹುಟ್ಟಿದ ಜಾಗ ಉಳಿಯಲ್ಲ. ನಮ್ಮ ಪಕ್ಕದೂರಲ್ಲಿ ಅಮಾವಾಸ್ಯೆ ರಾತ್ರಿ ಯಾರೋ ಬಂದು ಮಾಸ್ತಿಕಲ್ಲಿನ ಬುಡ ಆಳುದ್ದ ಅಗೆದು, ನಿಂಬೆಹಣ್ಣು ಕುಂಕುಮ ಚೆಲ್ಲಿ, ಕಲ್ಲನ್ನ ಎರಡು ತುಂಡು ಮಾಡಿ ಹೋದ್ರು. ಅದರ ಕೆಳಗೆ ಹೊನ್ನು ಯಾಕಿರುತ್ತೆ? ಗಂಡನ ಜೊತೆ ಬೆಂಕಿಗೆ ಹೋದ ಹೆಣ್ಣುಮಗಳ ನೆನಪಿನ ಕಲ್ಲದು, ಬಳೆ ತೊಟ್ಟ ಆ ಕೈ ಈಗ ಮೊಣಕೈ ಹತ್ರ ಮುರಿದು ಬಿದ್ದಿದೆ, ನೋಡಿದ್ರೆ ಹೊಟ್ಟೆ ಉರಿಯುತ್ತೆ.

ನಿಧಿ ನಿಜವಾಗ್ಲೂ ಸಿಕ್ಕಿದ ಕಡೆ ಏನ್ ಮಾಡಿದ್ರು ನೋಡಿ. 1896ರಲ್ಲಿ ಐರ್ಲೆಂಡಿನ ಬ್ರಾಯ್ಟರ್ ಅನ್ನೋ ಕಡೆ ಹೊಲ ಉಳೋವಾಗ ಚಿನ್ನದ ಒಡವೆಗಳ ಜೊತೆ ಗೇಣುದ್ದದ ಚಿನ್ನದ ದೋಣಿ ಸಿಕ್ತು, ಕೂದಲೆಳೆ ಥರದ ಹುಟ್ಟುಗಳು, ಮಧ್ಯ ಪಟ ಕಟ್ಟೋ ಕಂಬ, ಎರಡು ಸಾವಿರ ವರ್ಷದ ಹಿಂದಿಂದು. ಕೈ ಬದಲಾಗಿ ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂಗೆ ಹೋಯ್ತು, ಕೇಸ್ ಕೋರ್ಟಿಗೆ ಬಂತು. ಸಮುದ್ರ ದೇವ್ರು ಮನಾನಾನ್‌ಗೆ ಕೊಟ್ಟ ಕಾಣಿಕೆನೋ, ಆಮೇಲೆ ತೆಗೆದುಕೊಳ್ಳೋಣ ಅಂತ ಯಾರೋ ಬಚ್ಚಿಟ್ಟ ನಿಧಿನೋ ಅಂತ ಲಾಯರ್‌ಗಳು ವಾದ ಮಾಡಿದ್ರು, ಯಾಕಂದ್ರೆ ಬಚ್ಚಿಟ್ಟದ್ದಾದ್ರೆ ಮಾತ್ರ ಸರ್ಕಾರಕ್ಕೆ ಸೇರ್ತಿತ್ತು. 1903ರಲ್ಲಿ ಬಚ್ಚಿಟ್ಟದ್ದು ಅಂತ ತೀರ್ಪಾಯ್ತು, ದೋಣಿ ಡಬ್ಲಿನ್ನಿಗೆ ವಾಪಸ್ ಬಂತು, ಈಗ ಅಲ್ಲಿ ಮ್ಯೂಸಿಯಮ್ಮಲ್ಲಿ ಯಾರು ಬೇಕಾದ್ರೂ ನೋಡ್ಬಹುದು. ನೆಲದಲ್ಲಿ ಸಿಕ್ಕಿದ್ದನ್ನ ಸರ್ಕಾರಕ್ಕೆ ತಿಳಿಸ್ಬೇಕು ಅನ್ನೋ ಕಾನೂನು ನಮ್ಮಲ್ಲೂ ಇದೆ, ಹಳ್ಳಿಗಳಲ್ಲಿ ಅದು ಗೊತ್ತಿರೋರೇ ಕಮ್ಮಿ.

ಈಗ ನನ್ನ ಬೇಡಿಕೆ. ಐರ್ಲೆಂಡಲ್ಲಿ 1935ರಲ್ಲಿ ಜಾನಪದ ಆಯೋಗ ಅಂತ ಶುರು ಮಾಡಿದ್ರು, 1937ರಿಂದ 39ರ ತನಕ ಪ್ರೈಮರಿ ಸ್ಕೂಲಿನ ದೊಡ್ಡ ಕ್ಲಾಸಿನ ಮಕ್ಳಿಗೆ, 11ರಿಂದ 14 ವರ್ಷದೋರಿಗೆ, ಪ್ರಬಂಧದ ಪೀರಿಯಡ್ಡಲ್ಲಿ ಪ್ರಬಂಧದ ಬದ್ಲು ಒಂದು ಕೆಲಸ ಕೊಟ್ರು. ಮನೆಯ ಅಜ್ಜ ಅಜ್ಜಿ, ಪಕ್ಕದ ಮನೆ ಹಿರಿಯರನ್ನ ಕೇಳಿ ಊರಿನ ಕಥೆ ಬರ್ಕೊಂಡು ಬನ್ನಿ. ಟೀಚರ್‌ಗಳಿಗೆ ಯಾವ್ಯಾವ ವಿಷಯ ಕೇಳ್ಬೇಕು ಅಂತ ಸಣ್ಣ ಕೈಪಿಡಿ ಕೊಟ್ಟಿದ್ರು, ಅದ್ರಲ್ಲಿ ಹೂತಿಟ್ಟ ನಿಧಿ, ಊರಿನ ವೀರರು, ಪವಿತ್ರ ಬಾವಿ, ಮಳೆ ಗಾಳಿ ಲಕ್ಷಣ, ಬೆಣ್ಣೆ ಕಡೆಯೋದು ಎಲ್ಲಾ ಇತ್ತು. ಸುಮಾರು 5,000 ಶಾಲೆಯ 50,000ದಷ್ಟು ಮಕ್ಳು ಬರೆದ್ರು, ಒಟ್ಟು ಏಳು ಲಕ್ಷಕ್ಕೂ ಹೆಚ್ಚು ಪುಟ. ಯಾರು ಹೇಳಿದ್ದು, ಅವ್ರ ವಯಸ್ಸೆಷ್ಟು, ಯಾವ ಊರು ಅಂತನೂ ಬರೆಸಿದ್ರು. ಈಗ ಅದೆಲ್ಲ ಇಂಟರ್ನೆಟ್ಟಲ್ಲಿದೆ, ಮಕ್ಕಳ ಕೈಬರಹ ಹಾಗೇ ಕಾಣುತ್ತೆ. ಬಡ ದೇಶ ಆಗಿತ್ತು ಆಗ ಅದು, ಖರ್ಚಾಗಿದ್ದು ನೋಟ್‌ಬುಕ್ಕು, ಇಂಕು, ಟೀಚರ್‌ಗಳ ಶ್ರಮ ಅಷ್ಟೇ.

ಹಾಸನ, ಚಿಕ್ಕಮಗಳೂರು ಎರಡು ಜಿಲ್ಲೆಯಲ್ಲಾದ್ರೂ ಇದನ್ನ ಮಾಡ್ಬಹುದು. ನಮಗೆ ಆ ಮಕ್ಳಿಗೆ ಇಲ್ಲದ ಮೊಬೈಲ್ ಕ್ಯಾಮೆರಾ ಬೇರೆ ಇದೆ. ಹಲ್ಮಿಡಿ ಶಾಸನ ಸಿಕ್ಕಿದ್ದು ನಮ್ಮ ತಾಲ್ಲೂಕಲ್ಲೇ, ಹೊಯ್ಸಳರ ಮೂಲ ಅನ್ನೋ ಅಂಗಡಿ ಮೂಡಿಗೆರೆ ತಾಲ್ಲೂಕಲ್ಲಿದೆ, ಸಳ ಹುಲಿ ಹೊಡೆದ ಕಥೆ ಗೊತ್ತಿಲ್ಲದ ಮಗು ಇಲ್ಲ. 2023ರಲ್ಲಿ ಬೇಲೂರು ಹಳೇಬೀಡು ಯುನೆಸ್ಕೋ ಪಟ್ಟಿಗೆ ಸೇರಿದ್ಮೇಲೆ ದೊಡ್ಡ ದೇವಸ್ಥಾನಗಳಿಗೆ ಕಾವಲು, ದುಡ್ಡು ಬರುತ್ತೆ, ಕೆರೆ ಏರಿ ಮೇಲಿನ ಬೇಟೆರಾಯನಿಗೆ ಯಾರಿದಾರೆ? ರಸ್ತೆ ಅಗಲ ಮಾಡೋ ಜೆಸಿಬಿ ಬಂದಾಗ ಇದು ಇಂಥ ಕಲ್ಲು ಅಂತ ಹೇಳೋಕೆ ಊರಲ್ಲಿ ಒಬ್ಬ ಒಂಬತ್ತನೇ ಕ್ಲಾಸ್ ಹುಡುಗಿ ನೋಟ್‌ಬುಕ್ಕಲ್ಲಿ ಬರೆದಿದ್ರೂ ಸಾಕು, ಕೊನೇಪಕ್ಷ ಎತ್ತಿ ಪಕ್ಕಕ್ಕಾದ್ರೂ ಇಡ್ತಾರೆ. ಶಿಕ್ಷಣ ಇಲಾಖೆಯೋರು ವಾರಕ್ಕೊಂದು ಪೀರಿಯಡ್ ಬಿಟ್ಕೊಟ್ರೆ, ಪುರಾತತ್ವ ಇಲಾಖೆಯೋರು ವರ್ಷಕ್ಕೊಮ್ಮೆ ಮಕ್ಳು ಬರೆದದ್ದನ್ನ ಸ್ಕ್ಯಾನ್ ಮಾಡಿಟ್ರೆ ಉಳಿದದ್ದು ಟೀಚರ್‌ಗಳಾದ ನಾವು ನೋಡ್ಕೋತೀವಿ, ನಮ್ಮ ಶಾಲೆಯಲ್ಲಿ ಅಪ್ಪಣೆಗೆ ಕಾಯ್ದೆ ಈ ತಿಂಗಳಿಂದಲೇ ಶುರು ಮಾಡ್ತಿದೀವಿ.

ನಿಮ್ಮ ಪತ್ರಿಕೆಗೆ ಕೇಳೋದಿಷ್ಟೇ, ಪುರವಣಿಯಲ್ಲಿ ವಾರಕ್ಕೆ ಕಾಲು ಪುಟ ಕೊಡಿ. ಒಂದು ಕಲ್ಲು, ಒಂದು ಫೋಟೋ, ಮಗು ಬರ್ಕೊಂಡು ಬಂದ ಕಥೆ, ಕೆಳಗೆ ಶಾಸನ ಓದೋರು ಬರೆದ ಎರಡು ಸಾಲು. ಕಥೆ ಬೇರೆ ಅಕ್ಷರದಲ್ಲಿ, ಶಾಸನದ ಮಾತು ಬೇರೆ ಅಕ್ಷರದಲ್ಲಿ ಹಾಕಿ, ಕಲಸ್ಬೇಡಿ. ಯಾವ ಹೊಲ, ಯಾರ ತೋಟ ಅಂತ ಗುರುತು ಹಾಕ್ಬೇಡಿ, ನಿಧಿ ಕಳ್ಳರೂ ಪೇಪರ್ ಓದ್ತಾರೆ, ಊರಿನ ಹೆಸ್ರು ತಾಲ್ಲೂಕು ಸಾಕು. ಫೋಟೋ ತೆಗೆಯೋ ಮಕ್ಳಿಗೆ, ದೊಡ್ಡೋರಿಗೆ ಒಂದು ಮಾತು: ಅಕ್ಷರ ಕಾಣ್ಲಿ ಅಂತ ಸೀಮೆಸುಣ್ಣ, ಎಣ್ಣೆ, ಪೇಂಟ್ ಏನೂ ಹಚ್ಬೇಡಿ, ವೈರ್ ಬ್ರಷ್ ಹಾಕಿ ತಿಕ್ಕಬೇಡಿ, ನೀರು ಹಾಕಿ ಮೆತ್ತಗೆ ಬಟ್ಟೆಯಲ್ಲಿ ಒರೆಸಿ, ಬೆಳಿಗ್ಗೆ ಬಿಸಿಲು ಓರೆಯಾಗಿ ಬೀಳೋ ಹೊತ್ತಲ್ಲಿ ಪಕ್ಕದಿಂದ ತೆಗೀರಿ, ಅಕ್ಷರ ತಾನಾಗೇ ಏಳುತ್ತೆ. ಪಕ್ಕದಲ್ಲಿ ಸ್ಕೇಲ್ ಒಂದು ಇಡಿ.

ವಂದನೆಗಳೊಂದಿಗೆ,
ಒಬ್ಬ ಹೈಸ್ಕೂಲ್ ಶಿಕ್ಷಕ,
ಬೇಲೂರು ತಾಲ್ಲೂಕು, ಹಾಸನ ಜಿಲ್ಲೆ